ಒಳ್ಳೆಯತನ ನಷ್ಟದ ಬಾಬತ್ತೆ?

ನಾವು ಪಾಠ ಹೇಳುವ ಕಾಲೇಜು ಕಲಬುರಗಿಯಲ್ಲಿದೆ. ಆಳಂದ, ಅಫಜಲಪುರ, ಜೇವರ್ಗಿ ಈ ಮೂರು ಕಡೆಗಳಿಂದಲೂ ಅನೇಕ ವಿದ್ಯಾರ್ಥಿಗಳು ಬೆಳಗಿನ ಬಸ್ಸು ಹಿಡಿದು ಅಲ್ಲಿಗೆ ಬರುತ್ತಾರೆ. ಕಳೆದ ವರ್ಷ ಒಂದು ದಿನ ಲೋಲಕದ ಪ್ರಯೋಗ ಮುಗಿದು ಉಳಿದವರೆಲ್ಲ ಹೊರಟುಹೋದ ಮೇಲೂ, ಅಫಜಲಪುರದ ಕಡೆಯ ಹುಡುಗನೊಬ್ಬನು ಮೇಜಿನ ಬಳಿಯೇ ನಿಂತಿದ್ದನು. ಏನೋ ಸಂದೇಹವಿರಬೇಕೆಂದು ನಾವು ಕೇಳಿದೆವು. ಸಂದೇಹವಿದ್ದುದು ನಿಜ, ಆದರೆ ಅದು ಲೋಲಕದ ವಿಷಯವಾಗಿರಲಿಲ್ಲ.

“ಸರ್, ಒಳ್ಳೇತನ ಅನ್ನೋದು ನಷ್ಟದ ಬಾಬತ್ತೇನ್ರೀ?” ಎಂದು ಅವನು ಕೇಳಿದನು.

ಅವನ ಕಥೆ ದೊಡ್ಡದೇನಲ್ಲ. ತರಗತಿಯ ಹುಡುಗಿಯೊಬ್ಬಳಿಗೆ ಅವನು ಒಂದು ವರ್ಷಕಾಲ ಟಿಪ್ಪಣಿಗಳನ್ನು ಒದಗಿಸಿದ್ದನು. ಪ್ರಯೋಗದ ದಾಖಲೆ ಪುಸ್ತಕ ಬರೆದುಕೊಟ್ಟಿದ್ದನು. ಬಸ್ಸಿನಲ್ಲಿ ಸೀಟು ಹಿಡಿದಿಟ್ಟಿದ್ದನು. ಕೊನೆಗೆ ತನ್ನ ಮನಸ್ಸನ್ನು ತಿಳಿಸಿದಾಗ, ತನಗೆ ಅಂಥ ಭಾವನೆಯಿಲ್ಲವೆಂದು ಆಕೆ ನೇರವಾಗಿ ಹೇಳಿದಳು. ಗೆಳೆಯರು ನಕ್ಕರು. ಅವರಲ್ಲಿಯೇ ಹೆಚ್ಚು ಗದ್ದಲ ಮಾಡುವವನಿಗೆ, ಯಾರ ಗೊಡವೆಯೂ ಇಲ್ಲದವನಿಗೆ, ಸ್ನೇಹಿತರಿಗೇನೂ ಕೊರತೆಯಿಲ್ಲ. ಆದುದರಿಂದ ಇನ್ನು ಮುಂದೆ ತಾನೂ ಒರಟನಾಗಿರುವೆನೆಂದು ಈ ಹುಡುಗ ನಿಶ್ಚಯಿಸಿದ್ದನು.

ಲೋಲಕದ ಬಗ್ಗೆ ಕೇಳಿದ್ದರೆ ನಾವು ಒಡನೆಯೇ ಉತ್ತರ ಕೊಡುತ್ತಿದ್ದೆವು. ಈ ಪ್ರಶ್ನೆಗೆ ಅಂದು ನಮ್ಮಲ್ಲಿ ಉತ್ತರವಿರಲಿಲ್ಲ. ಹಾಗೆಂದು ಅದನ್ನು ಹುಡುಗಾಟದ ಪ್ರಶ್ನೆಯೆಂದು ತಳ್ಳಿಬಿಡುವಂತಿಲ್ಲ. ಇಪ್ಪತ್ತರ ವಯಸ್ಸಿನಲ್ಲಿ ಮನುಷ್ಯನು ಇಂಥ ಪ್ರಶ್ನೆಗೆ ಏನು ಉತ್ತರ ಕಂಡುಕೊಳ್ಳುವನೋ ಅದರಂತೆಯೇ ಅವನ ಮುಂದಿನ ಸ್ವಭಾವವು ರೂಪುಗೊಳ್ಳುವುದುಂಟು. “ಬಗ್ಗಿದವನಿಗೆ ಒಂದು ಗುದ್ದು ಹೆಚ್ಚು” ಎಂಬ ಗಾದೆಯನ್ನು ನಂಬಿ ಒಬ್ಬ ಒಳ್ಳೆಯ ಹುಡುಗನು ಕೆಡುವುದಾದರೆ, ಆ ಗಾದೆ ಎಷ್ಟರ ಮಟ್ಟಿಗೆ ನಿಜವೆಂದು ಪರೀಕ್ಷಿಸುವುದು ಉಪಾಧ್ಯಾಯರಾದವರ ಕರ್ತವ್ಯವೇ ಸರಿ. ಗಣಿತಜ್ಞರೂ ಮನಶ್ಶಾಸ್ತ್ರಜ್ಞರೂ ಇದನ್ನು ಪರೀಕ್ಷಿಸಿದ್ದಾರೆ. ಅವರು ಕಂಡುದನ್ನು ನಮ್ಮ ಸೀಮೆಯ ಹೊಲದಿಂದಲೇ ವಿವರಿಸಲು ಸಾಧ್ಯವಿದೆ.

ಎರಡು ಹೊಲಗಳ ಲೆಕ್ಕ

ನಮ್ಮದು ಕರಿಯ ಎರೆಭೂಮಿ. ಮಳೆ ಬಿದ್ದ ಮರುದಿನ ಅದರಲ್ಲಿ ಕಾಲಿಡಲಾಗದು. ಬಹಳ ದಿನ ತಡೆದರೆ ಹದ ತಪ್ಪುವುದು. ನಡುವೆ ಸಿಕ್ಕುವ ಕೆಲವೇ ದಿನಗಳಲ್ಲಿ ಬಿತ್ತಬೇಕು, ಎಡೆ ಹೊಡೆಯಬೇಕು, ಕಳೆ ತೆಗೆಯಬೇಕು. ಒಂದು ಮನೆಯ ಕೈಗಳು ಇದಕ್ಕೆ ಸಾಲುವುದಿಲ್ಲ. ಆದುದರಿಂದಲೇ ನಮ್ಮ ಹಿರಿಯರು ಮುಯ್ಯಾಳಿನ ಪದ್ಧತಿಯನ್ನು ರೂಢಿಸಿಕೊಂಡರು. ಇಂದು ನಾವು ನಿಮ್ಮ ಹೊಲಕ್ಕೆ ಬರುತ್ತೇವೆ, ನಾಳೆ ನೀವು ನಮ್ಮ ಹೊಲಕ್ಕೆ ಬನ್ನಿರಿ, ಕೂಲಿಯ ಮಾತಿಲ್ಲ. ಒಂದೊಂದೇ ಎತ್ತು ಉಳ್ಳ ಇಬ್ಬರು ಕೂಡಿ ಜೋಡಿ ಕಟ್ಟುತ್ತಿದ್ದುದೂ ಇದೇ ನಂಬಿಕೆಯ ಮೇಲೆ.

ಈಗ ತೆಂಕಣ ಹೊಲದವನು, ಬಡಗಣ ಹೊಲದವನು ಎಂದು ಇಬ್ಬರು ರೈತರನ್ನು ಊಹಿಸಿರಿ. ಇಬ್ಬರೂ ಪರಸ್ಪರ ನೆರವಾದರೆ ಇಬ್ಬರಿಗೂ 3 ಅಂಕದ ಲಾಭ. ಇಬ್ಬರೂ ನೆರವಾಗದಿದ್ದರೆ ಇಬ್ಬರಿಗೂ 1 ಅಂಕ. ಒಬ್ಬನು ದುಡಿದು ಕೊಟ್ಟು, ಇನ್ನೊಬ್ಬನು ತನ್ನ ಸರದಿ ಬಂದಾಗ ತಪ್ಪಿಸಿಕೊಂಡರೆ, ದುಡಿದವನಿಗೆ 0, ತಪ್ಪಿಸಿಕೊಂಡವನಿಗೆ 5.

ಒಂದೇ ದಿನದ ವ್ಯವಹಾರವಾದರೆ ಉತ್ತರವು ಕಠೋರವಾಗಿದೆ. ಎದುರಿನವನು ಬಂದರೆ, ತಪ್ಪಿಸಿಕೊಂಡವನಿಗೆ 3ರ ಬದಲು 5. ಬಾರದಿದ್ದರೂ 0ಯ ಬದಲು 1. ಹೇಗೆ ನೋಡಿದರೂ ತಪ್ಪಿಸಿಕೊಳ್ಳುವುದೇ ಲಾಭ. ನಮ್ಮ ವಿದ್ಯಾರ್ಥಿಯ ಗೆಳೆಯರು ನಕ್ಕುದು ಈ ಲೆಕ್ಕವನ್ನು ನೆಚ್ಚಿಯೇ. ಆದರೆ ಹೊಲಗಳು ಒಂದು ದಿನ ಮಾತ್ರ ನೆರೆಹೊರೆಯಾಗಿರುವುದಿಲ್ಲ. ಮುಂದಿನ ಮಳೆಗೂ, ಅದರ ಮುಂದಿನ ರಾಶಿಗೂ ಅದೇ ಇಬ್ಬರು ಮುಖ ನೋಡಬೇಕು. ಅಲ್ಲಿಂದ ಲೆಕ್ಕವು ಬದಲಾಗುತ್ತದೆ.

ಮುಯ್ಯಿಗೆ ಮುಯ್ಯಿ

ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದ ರಾಜ್ಯಶಾಸ್ತ್ರಜ್ಞ ರಾಬರ್ಟ್ ಆಕ್ಸೆಲ್‌ರಾಡ್ ಈ ಆಟವನ್ನು ಗಣಕಯಂತ್ರದಲ್ಲಿ ಆಡಿಸಿ ಅದರ ಫಲವನ್ನು 1980ರಲ್ಲಿ ಪ್ರಕಟಿಸಿದರು. ಈ ಆಟವನ್ನು ಗೆಲ್ಲುವ ಉಪಾಯವನ್ನು ಬರೆದು ಕಳಿಸಿರೆಂದು ಅವರು ವಿದ್ವಾಂಸರನ್ನು ಕೇಳಿಕೊಂಡಾಗ 14 ಉಪಾಯಗಳು ಬಂದುವು. ಅವುಗಳೊಡನೆ, ನಾಣ್ಯ ಚಿಮ್ಮಿದಂತೆ ಮನಬಂದ ಹಾಗೆ ಆಡುವ ಒಂದನ್ನು ಸೇರಿಸಿ, ಪ್ರತಿಯೊಂದನ್ನೂ ಉಳಿದವುಗಳೊಡನೆ 200 ಸಲ ಆಡಿಸಲಾಯಿತು. ಬಹು ಜಟಿಲವಾದ ಉಪಾಯಗಳು ಕೆಲವಿದ್ದುವು, ಕಪಟದವೂ ಇದ್ದುವು. ಗೆದ್ದುದು ಎಲ್ಲಕ್ಕಿಂತ ಚಿಕ್ಕದು. ಅನಾಟೋಲ್ ರಾಪೊಪೋರ್ಟ್ ಎಂಬವರು ಕಳಿಸಿದ ಅದರ ನಿಯಮವಿಷ್ಟೇ: ಮೊದಲ ಸಲ ನೆರವಾಗು, ಅನಂತರ ಎದುರಿನವನು ಹಿಂದಿನ ಸಲ ಮಾಡಿದುದನ್ನೇ ನೀನೂ ಮಾಡು. ಕನ್ನಡದಲ್ಲಿ ಇದಕ್ಕೆ ಹೊಸ ಹೆಸರು ಬೇಕಾಗಿಲ್ಲ, ಮುಯ್ಯಿಗೆ ಮುಯ್ಯಿ.

ಈ ಮಾತು ನಮ್ಮ ಭಾಷೆಯಲ್ಲಿ ಎಷ್ಟು ಸೂಕ್ಷ್ಮವಾಗಿದೆಯೆಂಬುದನ್ನು ಗಮನಿಸಬೇಕು. ಮದುವೆಯಲ್ಲಿ ಪಡೆದ ಉಡುಗೊರೆಯನ್ನು ಅವರ ಮನೆಯ ಮದುವೆಯಲ್ಲಿ ಹಿಂದಿರುಗಿಸುವುದೂ ಮುಯ್ಯಿಯೇ. ಆದ ಕೇಡನ್ನು ತೀರಿಸಿಕೊಳ್ಳುವುದೂ ಮುಯ್ಯಿಯೇ. ಉಪಕಾರ ಮತ್ತು ಪ್ರತೀಕಾರ ಎರಡನ್ನೂ ಒಂದೇ ಪದದಲ್ಲಿ ಕಟ್ಟಿಟ್ಟವರಿಗೆ ಈ ಆಟದ ಗುಟ್ಟು ತಿಳಿದಿತ್ತೆಂದೇ ಹೇಳಬಹುದು.

ಹತ್ತು ರೈತರ ಒಂದು ಊರನ್ನು ತೆಗೆದುಕೊಂಡು ಲೆಕ್ಕ ಹಾಕೋಣ. ಐವರು ಸ್ವಾರ್ಥಿಗಳು, ಎಂದೂ ನೆರವಾಗದವರು. ಉಳಿದ ಐವರು ಏನಾದರೂ ಸರಿ, ಯಾವಾಗಲೂ ನೆರವಾಗುವವರು. ಪ್ರತಿ ಇಬ್ಬರೂ 200 ಸಲ ವ್ಯವಹರಿಸುತ್ತಾರೆ. ಒಳ್ಳೆಯವನಿಗೆ ಇತರ ನಾಲ್ವರು ಒಳ್ಳೆಯವರಿಂದ ತಲಾ 600ರಂತೆ 2,400 ಅಂಕ. ಸ್ವಾರ್ಥಿಗಳಿಂದ ಏನೂ ಇಲ್ಲ. ಸ್ವಾರ್ಥಿಗಾದರೋ ಐವರು ಒಳ್ಳೆಯವರಿಂದ ತಲಾ 1,000, ನಾಲ್ವರು ಸ್ವಾರ್ಥಿಗಳಿಂದ ತಲಾ 200, ಒಟ್ಟು 5,800. ಬಗ್ಗಿದವನಿಗೆ ಗುದ್ದು ಹೆಚ್ಚೆಂಬುದು ಇಲ್ಲಿ ಅಕ್ಷರಶಃ ನಿಜ.

ಈಗ ಆ ಐವರು ಒಳ್ಳೆಯವರು ಮುಯ್ಯಿಗೆ ಮುಯ್ಯಿ ಎಂಬ ನಿಯಮವನ್ನು ಹಿಡಿಯಲಿ. ಸ್ವಾರ್ಥಿಯೊಡನೆ ಮೊದಲ ಸಲ ಮೋಸಹೋದರೆ 0. ಉಳಿದ 199 ಸಲ ಇಬ್ಬರೂ ನೆರವಾಗುವುದಿಲ್ಲವಾದುದರಿಂದ ತಲಾ 199. ಸ್ವಾರ್ಥಿಗೆ ಆ ಮೊದಲ ದಿನದ 5 ಸೇರಿ 204. ಒಟ್ಟಿನಲ್ಲಿ ಮುಯ್ಯಿಯವನಿಗೆ ತನ್ನಂಥ ನಾಲ್ವರಿಂದ 2,400, ಸ್ವಾರ್ಥಿಗಳಿಂದ 995, ಕೂಡಿದರೆ 3,395. ಸ್ವಾರ್ಥಿಗೆ 1,020 ಮತ್ತು 800. ಕೂಡಿದರೆ ಬರಿಯ 1,820.

ವಾಚಕರು ಒಂದು ವಿಚಿತ್ರವನ್ನು ಗಮನಿಸಿರಬಹುದು. ಎದುರುಬದುರು ನಿಂತಾಗ ಮುಯ್ಯಿಯವನು ಒಬ್ಬ ಸ್ವಾರ್ಥಿಯನ್ನೂ ಸೋಲಿಸಲಿಲ್ಲ; ಪ್ರತಿ ಸಲವೂ 5 ಅಂಕ ಹಿಂದೆಯೇ ಉಳಿದನು. ಆದರೂ ಊರಿನ ಲೆಕ್ಕದಲ್ಲಿ ಅವನೇ ಬಹಳ ಮುಂದೆ. ಒಂದೊಂದು ಜಗಳದ ಫಲವನ್ನು ಮಾತ್ರ ನೋಡುವವನಿಗೆ ಒಳ್ಳೆಯವನು ಸದಾ ಸೋಲುವವನಂತೆ ಕಾಣುತ್ತಾನೆ. ಆಕ್ಸೆಲ್‌ರಾಡರ ಮೊದಲ ಸ್ಪರ್ಧೆಯಲ್ಲಿ ಮೊದಲ ಎಂಟು ಸ್ಥಾನಗಳನ್ನು ಪಡೆದುವುಗಳೆಲ್ಲ ತಾವಾಗಿ ಮೊದಲು ದ್ರೋಹ ಬಗೆಯದ ಉಪಾಯಗಳೇ ಆಗಿದ್ದುವು. ಎರಡನೆಯ ಸ್ಪರ್ಧೆಗೆ ಆರು ದೇಶಗಳಿಂದ 62 ಉಪಾಯಗಳು ಬಂದರೂ ರಾಪೊಪೋರ್ಟರ ಆ ಚಿಕ್ಕ ನಿಯಮವೇ ಮತ್ತೆ ಗೆದ್ದಿತು.

ಮೂರರಲ್ಲೊಂದು ಕ್ಷಮೆ

ಆದರೆ ಇದರಲ್ಲಿಯೂ ಒಂದು ದೋಷವಿದೆ. ತೆಂಕಣ ಹೊಲದವನ ಎತ್ತಿಗೆ ಕಾಯಿಲೆಯಾಗಿ ಅವನು ಒಂದು ದಿನ ಬರಲಿಲ್ಲವೆನ್ನಿರಿ. ಬಡಗಣದವನು ಅದನ್ನು ದ್ರೋಹವೆಂದು ಬಗೆದು ಮರುದಿನ ತಪ್ಪಿಸಿದನು. ಅದಕ್ಕೆ ಪ್ರತಿಯಾಗಿ ತೆಂಕಣದವನೂ ತಪ್ಪಿಸಿದನು. ಇಬ್ಬರೂ ಕಟ್ಟುನಿಟ್ಟಿನ ಮುಯ್ಯಿಯವರಾದರೆ ಈ ಸರಪಳಿಗೆ ಕೊನೆಯೇ ಇಲ್ಲ. ಬದುವಿನ ಮೇಲಿನ ಒಂದು ಮಾತು ಎರಡು ತಲೆಮಾರಿನ ವೈರವಾಗುವುದನ್ನು ಹಳ್ಳಿಯಲ್ಲಿ ಬೆಳೆದವರೆಲ್ಲ ಕಂಡಿದ್ದಾರೆ.

1992ರಲ್ಲಿ ಮಾರ್ಟಿನ್ ನೊವಾಕ್ ಮತ್ತು ಕಾರ್ಲ್ ಸಿಗ್‌ಮುಂಡ್ ಎಂಬ ಆಸ್ಟ್ರಿಯದ ವಿಜ್ಞಾನಿಗಳು ಇದಕ್ಕೆ ಮದ್ದು ಕಂಡುಕೊಂಡರು. ತಪ್ಪುಗಳು ಸಂಭವಿಸುವ ಲೋಕದಲ್ಲಿ, ಆದ ದ್ರೋಹವನ್ನು ಆಗೊಮ್ಮೆ ಈಗೊಮ್ಮೆ ಮನ್ನಿಸಿಬಿಡುವ ಉದಾರವಾದ ಮುಯ್ಯಿಯೇ ಕೊನೆಗೆ ನೆಲೆನಿಲ್ಲುವುದೆಂದು ಅವರ ಗಣಿತವು ತೋರಿಸಿತು. ಎಷ್ಟು ಸಲ ಮನ್ನಿಸಬೇಕು? ಮೇಲೆ ಹೇಳಿದ 5, 3, 1, 0 ಎಂಬ ಅಂಕಗಳಿಗೆ ಲೆಕ್ಕ ಹಾಕಿದರೆ ಸುಮಾರು ಮೂರರಲ್ಲಿ ಒಂದು ಸಲ. ಅದಕ್ಕಿಂತ ಕಡಿಮೆಯಾದರೆ ವೈರವು ಅನವಶ್ಯಕವಾಗಿ ಬೆಳೆಯುತ್ತದೆ. ಹೆಚ್ಚಾದರೆ ಸ್ವಾರ್ಥಿಗೆ ಸಲಿಗೆ ದೊರೆಯುತ್ತದೆ. ಕ್ಷಮೆಯು ದುರ್ಬಲರ ಲಕ್ಷಣವೆಂದು ತಿಳಿದವರು ಈ ಮೂರರಲ್ಲೊಂದನ್ನು ನೆನಪಿನಲ್ಲಿಡಬೇಕು.

ಕನ್ಯಾ ನೋಡುವ ಮನೆಯಲ್ಲಿ

ಹೊಲದ ಲೆಕ್ಕವು ಹೃದಯಕ್ಕೆ ಒಪ್ಪುವುದೆ ಎಂದು ಕೆಲವರು ಕೇಳಬಹುದು. ನಮ್ಮ ಕಡೆ ಮದುವೆಯ ಮಾತು ಎದ್ದಾಗ ಏನು ನಡೆಯುತ್ತದೆಂಬುದನ್ನು ನೆನಪಿಸಿಕೊಳ್ಳಿರಿ. ಕನ್ಯಾ ನೋಡಲು ಬರುವ ಮೊದಲೂ ಅನಂತರವೂ ಎರಡು ಮನೆಯವರು ಪರಸ್ಪರರ ವಿಷಯವನ್ನು ಗುಟ್ಟಾಗಿ ವಿಚಾರಿಸುತ್ತಾರೆ. ಹಿಟ್ಟಿನ ಗಿರಣಿಯಲ್ಲಿ, ಬಸ್ ನಿಲ್ದಾಣದ ಚಹಾದಂಗಡಿಯಲ್ಲಿ, ಆ ಊರಿಗೆ ಕೊಟ್ಟ ಹೆಣ್ಣುಮಕ್ಕಳ ಬಾಯಲ್ಲಿ, ಹುಡುಗನ ನಡತೆ ಹೇಗೆ, ತಾಯಿಯೊಡನೆ ಹೇಗೆ ಮಾತನಾಡುತ್ತಾನೆ, ಆಳುಗಳಿಗೆ ಕೂಲಿ ಸರಿಯಾಗಿ ಕೊಡುತ್ತಾನೆಯೆ ಎಂಬುದೆಲ್ಲ ಹೊರಬೀಳುತ್ತದೆ. ಒಬ್ಬನಿಗೆ ಮಾಡಿದ ಉಪಕಾರದ ಫಲ ಬೇರೊಬ್ಬನಿಂದ ಬರುವ ಈ ವ್ಯವಸ್ಥೆಯನ್ನು ನೊವಾಕ್ ಮತ್ತು ಸಿಗ್‌ಮುಂಡ್ 1998ರಲ್ಲಿ ಗಣಿತಕ್ಕೆ ಅಳವಡಿಸಿದರು. ನೋಡುವ ಕಣ್ಣುಗಳಿದ್ದು, ಸುದ್ದಿ ಹರಡುವುದು ಸಾಧ್ಯವಿದ್ದರೆ, ಮತ್ತೆಂದೂ ಭೇಟಿಯಾಗದವರ ನಡುವೆಯೂ ಒಳ್ಳೆಯತನಕ್ಕೆ ಲಾಭವುಂಟೆಂದು ಅವರು ತೋರಿಸಿದರು.

ನಮ್ಮ ಹುಡುಗರು ಓದಿಗೋ ಕೆಲಸಕ್ಕೋ ಪುಣೆ, ಮುಂಬಯಿ, ಹೈದರಾಬಾದು, ಬೆಂಗಳೂರುಗಳಿಗೆ ಹೋದಾಗ ಈ ಕಣ್ಣುಗಳು ಊರಿನಲ್ಲಿಯೇ ಉಳಿದುಬಿಡುತ್ತವೆ. ಅಲ್ಲಿ ಗಂಡೂ ಹೆಣ್ಣೂ ತಾವೇ ಪರಿಚಯ ಮಾಡಿಕೊಳ್ಳಬೇಕು; ಹಿಂದಿನ ಕಡತ ಯಾರ ಬಳಿಯೂ ಇಲ್ಲ. ಮೊದಲ ಭೇಟಿಯಲ್ಲಿ ಕಾಣುವುದು ಉಡುಗೆ, ಮಾತಿನ ಚುರುಕು, ಧೈರ್ಯ. ದಯೆ ಹಾಗೆ ಒಮ್ಮೆಗೇ ಕಾಣುವ ವಸ್ತುವಲ್ಲ. ಜ್ವರ ನೋಡುವ ಪಾದರಸದ ಉಷ್ಣಮಾಪಕವನ್ನು ನಾಲಿಗೆಯಡಿ ಇಟ್ಟ ಕ್ಷಣವೇ ತೆಗೆದರೆ ಅದು ತಪ್ಪು ಅಂಕಿಯನ್ನು ತೋರಿಸುತ್ತದೆ. ದೇಹದ ಉಷ್ಣತೆಗೆ ಸಮನಾಗಲು ಅದಕ್ಕೆ ಕೆಲವು ನಿಮಿಷಗಳು ಬೇಕು. ಗುಣವನ್ನು ಅಳೆಯುವುದಕ್ಕೂ ಹಾಗೆಯೇ ಕಾಲ ಬೇಕು. ಆ ಕಾಲ ದೊರೆಯದ ಕಡೆ ದಯಾವಂತನಿಗೆ ಮೊದಲ ಅಂಕಗಳು ಕಡಿಮೆ ಬರುವುದು ಸಹಜ.

ಜನರಿಗೆ ನಿಜವಾಗಿ ಬೇಕಾದುದೇನು? ಮನಶ್ಶಾಸ್ತ್ರಜ್ಞ ಡೇವಿಡ್ ಬಸ್ ಮತ್ತು ಅವರ ಸಹೋದ್ಯೋಗಿಗಳು ಭಾರತವೂ ಸೇರಿದಂತೆ 33 ದೇಶಗಳ 37 ಜನಸಮೂಹಗಳಲ್ಲಿ 10,047 ಮಂದಿಯನ್ನು ವಿಚಾರಿಸಿದರು. 1989ರಲ್ಲಿ ಅದು ಪ್ರಕಟವಾಯಿತು. ಗಂಡಸರು ರೂಪಕ್ಕೂ ಹೆಂಗಸರು ಸಂಪಾದನೆಗೂ ತುಸು ಹೆಚ್ಚು ಬೆಲೆ ಕೊಟ್ಟರು. ಆದರೆ ದಯೆ ಮತ್ತು ತಿಳಿವಳಿಕೆಯ ಸ್ವಭಾವವನ್ನು ಗಂಡಸರೂ ಹೆಂಗಸರೂ ಇವೆರಡಕ್ಕಿಂತ ಮೇಲೆ ಇರಿಸಿದರು. ಹೇಳುವುದು ಬೇರೆ, ಮಾಡುವುದು ಬೇರೆ ಎಂಬ ಆಕ್ಷೇಪಣೆಗೆ ಇಲ್ಲಿ ಅವಕಾಶವಿದೆಯೆಂಬುದನ್ನು ಮರೆಯಬಾರದು. 1995ರಲ್ಲಿ ಜೆನ್‌ಸೆನ್ ಕ್ಯಾಂಪ್‌ಬೆಲ್ ಎಂಬ ಸಂಶೋಧಕಿ ಮತ್ತು ಅವರ ಸಂಗಡಿಗರು ಅಮೆರಿಕದ ಕಾಲೇಜು ವಿದ್ಯಾರ್ಥಿನಿಯರಲ್ಲಿ ನಡೆಸಿದ ಪ್ರಯೋಗಗಳು ಇನ್ನೊಂದು ಬೆಳಕು ಚೆಲ್ಲಿದುವು. ಗಂಡಸಿನ ದಿಟ್ಟತನವು ಅವರಿಗೆ ಆಕರ್ಷಕವೆನಿಸಿದುದು ಅವನಲ್ಲಿ ಪರಹಿತಬುದ್ಧಿಯೂ ಇದ್ದಾಗ ಮಾತ್ರ. ಅದಿಲ್ಲದವನ ದಿಟ್ಟತನದಿಂದ ಅವನಿಗೇನೂ ಪ್ರಯೋಜನವಾಗಲಿಲ್ಲ. ನಮ್ಮ ವಿದ್ಯಾರ್ಥಿ ದಿಟ್ಟತನವನ್ನು ಕಲಿಯುವುದಕ್ಕಾಗಿ ದಯೆಯನ್ನು ಬಿಡಬೇಕಾದುದಿಲ್ಲ.

ಕಣ್ಣಿನ ಮೋಸ

ಹಾಗಾದರೆ ರೂಪವಂತರು ಗರ್ವಿಷ್ಠರು, ಒಳ್ಳೆಯವರು ಸಪ್ಪೆ ಎಂದು ಜನರಿಗೆ ತೋರುವುದೇಕೆ? 1946ರಲ್ಲಿ ಅಮೆರಿಕದ ವೈದ್ಯ ಮತ್ತು ಸಂಖ್ಯಾಶಾಸ್ತ್ರಜ್ಞ ಜೋಸೆಫ್ ಬರ್ಕ್‌ಸನ್ ಆಸ್ಪತ್ರೆಯ ರೋಗಿಗಳ ಲೆಕ್ಕದಲ್ಲಿ ಒಂದು ಮೋಸವನ್ನು ಕಂಡುಹಿಡಿದರು. ಅದೇ ಮೋಸ ಇಲ್ಲಿಯೂ ಇದೆ.

ಪ್ರತಿಯೊಬ್ಬ ವರನಿಗೂ ರೂಪಕ್ಕೆ 1ರಿಂದ 10, ದಯೆಗೆ 1ರಿಂದ 10 ಅಂಕ ಕೊಡೋಣ. ಎರಡಕ್ಕೂ ಸಂಬಂಧವಿಲ್ಲವೆಂದು ಭಾವಿಸೋಣ. ಎರಡೂ ಕೂಡಿ 12 ಆಗದವನನ್ನು ಕನ್ಯೆಯ ಮನೆಯವರು ಲೆಕ್ಕಕ್ಕೇ ಹಿಡಿಯುವುದಿಲ್ಲ. ರೂಪದಲ್ಲಿ 9 ಪಡೆದವನು ದಯೆಯಲ್ಲಿ 3 ಪಡೆದರೂ ಪಟ್ಟಿಯಲ್ಲಿ ಉಳಿಯುತ್ತಾನೆ. ಅಂಥವರ ದಯೆಯ ಸರಾಸರಿ ಆರೂವರೆ. ರೂಪದಲ್ಲಿ 4 ಪಡೆದವನು ದಯೆಯಲ್ಲಿ 8 ಪಡೆದರೆ ಮಾತ್ರ ಉಳಿಯುತ್ತಾನೆ. ಅಂಥವರ ಸರಾಸರಿ 9. ಪಟ್ಟಿಯನ್ನು ಮಾತ್ರ ನೋಡಿದವರಿಗೆ ರೂಪ ಹೆಚ್ಚಿದಂತೆ ದಯೆ ಕಡಿಮೆಯಾದಂತೆ ಕಾಣುತ್ತದೆ. ದಯೆಯಿಂದಲೇ ಯಾರೋ ಹಿಂದುಳಿದರೆಂದೂ ತೋರುತ್ತದೆ. ನಿಜವಾಗಿ ರೂಪವೂ ಇಲ್ಲದೆ ದಯೆಯೂ ಇಲ್ಲದೆ ಹೊರಗುಳಿದವರು ಯಾರ ಕಣ್ಣಿಗೂ ಬೀಳಲಿಲ್ಲ, ಅಷ್ಟೇ. ಒರಟನಾಗಿ ಗೆದ್ದವನನ್ನು ಎಲ್ಲರೂ ನೋಡುತ್ತಾರೆ. ಒರಟನಾಗಿಯೇ ಒಂಟಿಯಾದವನ ಕಥೆಯನ್ನು ಯಾರೂ ಹೇಳುವುದಿಲ್ಲ.

ಆದರೂ ನಷ್ಟವೇ ಇಲ್ಲವೆಂದು ಹೇಳುವುದು ಅಪ್ರಾಮಾಣಿಕತೆಯಾದೀತು. 2012ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ, ಎಲ್ಲಕ್ಕೂ ಹೊಂದಿಕೊಂಡು ಹೋಗುವ ಸ್ವಭಾವದವರ ಸಂಬಳ, ಅದರಲ್ಲಿಯೂ ಗಂಡಸರ ಸಂಬಳ, ಕಡಿಮೆಯಿರುವುದು ಕಂಡುಬಂದಿತು. 2020ರಲ್ಲಿ ಪ್ರಕಟವಾದ ಇನ್ನೊಂದರಲ್ಲಿ, ವಿದ್ಯಾರ್ಥಿಗಳಾಗಿದ್ದಾಗ ಸ್ವಭಾವಪರೀಕ್ಷೆ ಮಾಡಿದ್ದವರನ್ನು ಸುಮಾರು 14 ವರ್ಷಗಳ ಅನಂತರ ಮತ್ತೆ ವಿಚಾರಿಸಿದಾಗ, ಒರಟರೂ ಸ್ವಾರ್ಥಿಗಳೂ ಆದವರು ಅಧಿಕಾರದಲ್ಲಿ ಇತರರಿಗಿಂತ ಮುಂದೆ ಹೋಗಿರಲಿಲ್ಲ. ಬೆದರಿಕೆಯಿಂದ ಗಳಿಸಿದುದನ್ನು ಅವರು ಔದಾರ್ಯದ ಕೊರತೆಯಿಂದ ಕಳೆದುಕೊಂಡಿದ್ದರು. ಎರಡನ್ನೂ ಒಟ್ಟಿಗೆ ಓದಿದರೆ ತಾತ್ಪರ್ಯವು ಸ್ಪಷ್ಟವಾಗುತ್ತದೆ. ತನಗೆ ಬರಬೇಕಾದುದನ್ನು ಕೇಳಲಾರದವನು ನಷ್ಟ ಹೊಂದುತ್ತಾನೆ. ಆದರೆ ಅದಕ್ಕೆ ಮದ್ದು ಕ್ರೌರ್ಯವಲ್ಲ.

ಸಾಲ ಮತ್ತು ದಾಸೋಹ

ಈ ಲೆಕ್ಕಗಳನ್ನು ನಾವು ಒಂದು ದಿನ ಯಾರ ಹೆಸರನ್ನೂ ಎತ್ತದೆ ತರಗತಿಯಲ್ಲಿ ಕಪ್ಪುಹಲಗೆಯ ಮೇಲೆ ಬರೆದೆವು. ಆಳಂದದಿಂದ ಬರುವ ವಿದ್ಯಾರ್ಥಿನಿಯೊಬ್ಬಳು ಎದ್ದುನಿಂತು, “ಸರ್, ಉಪಕಾರ ಮಾಡುವಾಗ ಬೆಲೆ ಹೇಳದೆ, ಆಮ್ಯಾಲೆ ಚೀಟಿ ಕಳಿಸಿದರ ಹೆಂಗ್ರೀ?” ಎಂದಳು. ತರಗತಿ ನಕ್ಕಿತು. ಅಫಜಲಪುರದ ಹುಡುಗ ನಗಲಿಲ್ಲ, ತಲೆ ತಗ್ಗಿಸಿದನು. ನಮ್ಮ ಯಾವ ಅಂಕಗಣಿತವೂ ಮುಟ್ಟದ ಕಡೆಗೆ ಆ ಮಾತು ಮುಟ್ಟಿತ್ತು. ಮುಯ್ಯಾಳಿನಲ್ಲಿ ಇಬ್ಬರೂ ಒಪ್ಪಿದ ಕರಾರಿದೆ. ಒಬ್ಬನೇ ಬರೆದುಕೊಂಡ ಕರಾರಿಗೆ ಇನ್ನೊಬ್ಬರು ಬದ್ಧರಲ್ಲ. ಪ್ರೀತಿಯನ್ನು ಬಡ್ಡಿಯಾಗಿ ನಿರೀಕ್ಷಿಸಿ ಕೊಟ್ಟ ನೆರವು ದಯೆಯಲ್ಲ, ಸಾಲ; ಅದಕ್ಕೆ ಬಂದ “ಇಲ್ಲ” ಎಂಬ ಉತ್ತರ ಮೋಸವೂ ಅಲ್ಲ.

ಲೆಕ್ಕವಿಡದ ದಯೆಯೂ ಲೋಕದಲ್ಲಿ ಉಂಟು. ಜೇವರ್ಗಿ ಸೀಮೆಯ ಅರಳಗುಂಡಗಿಯಲ್ಲಿ 18ನೆಯ ಶತಮಾನದಲ್ಲಿ ಹುಟ್ಟಿದ ಶರಣಬಸವೇಶ್ವರರು ಹೊಲದ ಜೋಳಕ್ಕೆ ಎರಗಿದ ಹಕ್ಕಿಗಳನ್ನು ಓಡಿಸದೆ, ಅವಕ್ಕೆ ಕುಡಿಯಲು ನೀರನ್ನೂ ಇಟ್ಟರೆಂದು ನಮ್ಮ ಕಡೆಯ ಜನ ಇಂದಿಗೂ ಹೇಳುತ್ತಾರೆ. ಕಲಬುರಗಿಗೆ ಬಂದು ನೆಲಸಿ ದಾಸೋಹ ನಡೆಸಿದ ಅವರು 1822ರಲ್ಲಿ ಲಿಂಗೈಕ್ಯರಾದರು. ಎರಡು ಶತಮಾನಗಳು ಕಳೆದ ಮೇಲೂ ಅವರ ಹೆಸರಿನಲ್ಲಿ ಜನ ಕೊಡುತ್ತಲೇ ಇದ್ದಾರೆ, ಉಣ್ಣುತ್ತಲೇ ಇದ್ದಾರೆ. ಹಕ್ಕಿಯಿಂದ ಮುಯ್ಯಿ ಬರುವುದಿಲ್ಲವೆಂಬುದು ಅವರಿಗೆ ತಿಳಿಯದ ಸಂಗತಿಯಲ್ಲ, ತಿಳಿದೇ ಕೊಟ್ಟರು. ಇಲ್ಲವೆನ್ನಲು ಹೆದರಿ ಕೊಡುವವನಿಗೂ, ಮರಳಿ ಬರಲೆಂದು ಕೊಡುವವನಿಗೂ, ಹೀಗೆ ತಿಳಿದು ಕೊಡುವವನಿಗೂ ಒಂದೇ ಹೆಸರು ಇಟ್ಟಿರುವುದರಿಂದಲೇ ನಮ್ಮ ವಿದ್ಯಾರ್ಥಿಯ ಪ್ರಶ್ನೆ ಅಷ್ಟು ಕಠಿಣವಾಗಿ ಕಂಡಿತು. ಮೊದಲನೆಯವನಿಗೆ ನಷ್ಟ ನಿಶ್ಚಯ. ಎರಡನೆಯವನಿಗೆ ನಿರಾಶೆಯ ಭಯ ಸದಾ ಇದ್ದೇ ಇದೆ. ಮೂರನೆಯವನು ಹೊರಗೆ ಕಳೆದುಕೊಳ್ಳಬಹುದು. ಆದರೆ ತನ್ನ ಇಷ್ಟದಿಂದಲೇ ಕೊಟ್ಟುದರಿಂದ ಮೋಸಹೋದೆನೆಂದು ಅವನಿಗೆ ಎನಿಸುವುದಿಲ್ಲ.

ಎಲ್ಲರೂ ಶರಣರಾಗಲಾರರು. ಉಳಿದ ನಮಗೆ ಹೊಲದ ನಿಯಮವೇ ಸಾಕು: ನಾವಾಗಿ ಮೊದಲು ನೆರವಾಗುವುದು, ಸುಲಿಯಬಂದವನಿಗೆ ಇಲ್ಲವೆನ್ನುವುದು, ತಪ್ಪನ್ನು ಮನ್ನಿಸಲು ಸಿದ್ಧರಿರುವುದು, ಒಪ್ಪದವರಿಂದ ಏನನ್ನೂ ನಿರೀಕ್ಷಿಸದಿರುವುದು.

ಆ ಹುಡುಗ ಈ ವರ್ಷ ಕೊನೆಯ ತರಗತಿಯಲ್ಲಿದ್ದಾನೆ. ಮೊನ್ನೆ ಪ್ರಯೋಗಶಾಲೆಯಲ್ಲಿ ಜೇವರ್ಗಿಯಿಂದ ಬಂದ ಹೊಸ ವಿದ್ಯಾರ್ಥಿಯೊಬ್ಬನಿಗೆ ಲೋಲಕದ ಆಂದೋಲನಗಳನ್ನು ಎಣಿಸುವ ಬಗೆಯನ್ನು ಅವನು ತಾಳ್ಮೆಯಿಂದ ತೋರಿಸುತ್ತಿದ್ದನು. ಮುಗಿದ ಮೇಲೆ ಆ ಹೊಸಬನು ತನ್ನ ದಾಖಲೆ ಪುಸ್ತಕವನ್ನು ಮುಂದಕ್ಕೆ ಚಾಚಿ, “ಅಣ್ಣಾ, ಇಷ್ಟು ಬರೆದು ಕೊಡ್ತೀಯೇನು?” ಎಂದನು. “ಅದು ನೀನೇ ಬರೀಬೇಕಪ್ಪ. ತಿಳೀಲಿಲ್ಲ ಅಂದ್ರ ನಾಳೆ ಮತ್ತ ಬಾ, ಹೇಳ್ತೀನಿ,” ಎಂದು ಇವನು ನಗುತ್ತಲೇ ಪುಸ್ತಕವನ್ನು ಹಿಂದಿರುಗಿಸಿದನು.